ನಮ್ಮವರು ನಮ್ಮ ಬಾಯಲ್ಲಿ ‘ಹೂಂ’ ಅನ್ನಿಸುವುದು ಹೇಗೆ

ಅಂಗಡಿಯವನು ಬಲವಂತ ಮಾಡಿದರೆ ಎದ್ದು ಬರಬಹುದು. ಸಾಲ ಬೇಕಾ ಸಾಲ ಬೇಕಾ ಎಂದು ದಿನಾ ಫೋನ್ ಮಾಡುವವರನ್ನು ಬ್ಲಾಕ್ ಮಾಡಬಹುದು. ಆದರೆ ಚಿಕ್ಕಪ್ಪ ಮನೆಗೆ ಬಂದು, ಕಾಫಿ ಕುಡಿದು, ಮಕ್ಕಳ ಓದಿನ ಬಗ್ಗೆ ವಿಚಾರಿಸಿ, ಹೊರಡುವ ಹೊತ್ತಿಗೆ ಚಪ್ಪಲಿ ಮೆಟ್ಟುತ್ತಾ ‘ನಿನ್ನಿಂದ ಒಂದು ಸಣ್ಣ ಸಹಾಯ ಆಗ್ಬೇಕಿತ್ತಲ್ಲಪ್ಪ’ ಎಂದರೆ? ಅವರನ್ನು ಬ್ಲಾಕ್ ಮಾಡಲು ಆಗುವುದಿಲ್ಲ. ಮುಂದಿನ ತಿಂಗಳು ಯಾವುದೋ ಮದುವೆಯಲ್ಲಿ ಅವರ ಪಕ್ಕದಲ್ಲೇ ಊಟಕ್ಕೆ ಕೂರಬೇಕು.

ಜಾಹೀರಾತಿನ ಮೋಸ, ಆನ್‌ಲೈನ್ ವಂಚನೆ, ಸುಳ್ಳು ಲಿಂಕ್ ಇವುಗಳ ಬಗ್ಗೆ ಈಗ ಎಲ್ಲರೂ ಎಚ್ಚರಿಕೆ ಹೇಳುತ್ತಾರೆ. ಒಳ್ಳೆಯದೇ. ಆದರೆ ಬದುಕಿನಲ್ಲಿ ನಾವು ಒಪ್ಪಿಕೊಳ್ಳುವ ದೊಡ್ಡ ದೊಡ್ಡ ವಿಷಯಗಳನ್ನು ಒಮ್ಮೆ ನೆನಪು ಮಾಡಿಕೊಳ್ಳಿ. ಸಾಲಕ್ಕೆ ಜಾಮೀನು ನಿಲ್ಲುವುದು, ಆಸ್ತಿ ಪತ್ರಕ್ಕೆ ಸಹಿ ಹಾಕುವುದು, ಮದುವೆಗೆ ಒಪ್ಪುವುದು, ಇರುವ ಕೆಲಸ ಬಿಡುವುದು. ಇದನ್ನೆಲ್ಲ ನಮ್ಮಿಂದ ಕೇಳುವವರು ಅಪರಿಚಿತರಲ್ಲ. ಅಣ್ಣ, ಅಮ್ಮ, ಗಂಡ, ಹೆಂಡತಿ, ಭಾವ, ಹಳೇ ಸ್ನೇಹಿತ. ಅಲ್ಲಿ ನಮ್ಮ ಎಚ್ಚರ ಅರ್ಧಕ್ಕರ್ಧ ಕಡಿಮೆ ಇರುತ್ತದೆ, ಮತ್ತು ಹಾಗೆ ಕಡಿಮೆ ಇರುವುದೇ ಪ್ರೀತಿಯ ಲಕ್ಷಣ ಎಂದು ನಾವು ನಂಬಿದ್ದೇವೆ.

ಒಬ್ಬರನ್ನು ಒಪ್ಪಿಸಲು ಪ್ರಯತ್ನ ಮಾಡುವುದೇ ತಪ್ಪು ಎಂದು ನಾನು ಹೇಳುತ್ತಿಲ್ಲ. ಎಲ್ಲರೂ ಮಾಡುತ್ತೇವೆ. ಅಮೆರಿಕದ ಮನೋವಿಜ್ಞಾನಿ ಡೇವಿಡ್ ಬಸ್ ಮತ್ತು ಜೊತೆಗಾರರು 1987ರಲ್ಲಿ ಜೋಡಿಗಳು ಒಬ್ಬರಿಂದೊಬ್ಬರು ಕೆಲಸ ಮಾಡಿಸಿಕೊಳ್ಳುವ ದಾರಿಗಳನ್ನು ಪಟ್ಟಿ ಮಾಡಿದರು. ಮುಖ್ಯವಾಗಿ ಆರು ಸಿಕ್ಕವು. ಮುದ್ದು ಮಾಡಿ ಕೇಳುವುದು, ಮಾತು ಬಿಡುವುದು, ಗದರಿಸುವುದು, ಕಾರಣ ಹೇಳಿ ಒಪ್ಪಿಸುವುದು, ಮುಖ ಊದಿಸಿಕೊಂಡು ಮಗುವಿನ ಹಾಗೆ ಹಠ ಮಾಡುವುದು, ತನ್ನನ್ನು ತಾನೇ ಕೀಳು ಮಾಡಿಕೊಂಡು ಗೋಗರೆಯುವುದು. ನಮ್ಮ ಯಾವ ಮನೆಯಲ್ಲಿ ಈ ಆರೂ ಇಲ್ಲ ಹೇಳಿ. ಕಾರಣ ಹೇಳಿ ಒಪ್ಪಿಸುವುದನ್ನೂ ಸೇರಿಸಿಯೇ ಆರು ಎಂಬುದನ್ನು ಗಮನಿಸಿ. ಹಾಗಾಗಿ ಪ್ರಶ್ನೆ ಒಪ್ಪಿಸುವುದರ ಬಗ್ಗೆ ಅಲ್ಲ. ‘ಬೇಡ’ ಎನ್ನಲು ಎದುರಿನವರಿಗೆ ಜಾಗ ಉಳಿದಿದೆಯಾ ಎಂಬುದರ ಬಗ್ಗೆ.

ಆ ಜಾಗ ನಮಗೆ ಗೊತ್ತಾಗದ ಹಾಗೆ ಹೇಗೆ ಚಿಕ್ಕದಾಗುತ್ತಾ ಹೋಗುತ್ತದೆ ಎಂಬುದನ್ನು ಒಂದೊಂದಾಗಿ ನೋಡೋಣ.

ಮೊದಲನೆಯದು, ಸಣ್ಣದರಿಂದ ಶುರು ಮಾಡುವುದು. 1966ರಲ್ಲಿ ಜೊನಾಥನ್ ಫ್ರೀಡ್‌ಮನ್ ಮತ್ತು ಸ್ಕಾಟ್ ಫ್ರೇಸರ್ ಎಂಬ ಇಬ್ಬರು ಮನೋವಿಜ್ಞಾನಿಗಳು ಕ್ಯಾಲಿಫೋರ್ನಿಯಾದಲ್ಲಿ ಮನೆಮನೆಗೆ ಹೋಗಿ, ‘ಎಚ್ಚರಿಕೆಯಿಂದ ವಾಹನ ಓಡಿಸಿ’ ಎಂದು ಬರೆದ ದೊಡ್ಡ, ಅಂದಗೆಟ್ಟ ಬೋರ್ಡ್ ಒಂದನ್ನು ನಿಮ್ಮ ಮನೆ ಮುಂದೆ ನಿಲ್ಲಿಸಬಹುದಾ ಎಂದು ಕೇಳಿಸಿದರು. ನೇರವಾಗಿ ಕೇಳಿದಾಗ ನೂರರಲ್ಲಿ ಇಪ್ಪತ್ತು ಜನವೂ ಒಪ್ಪಲಿಲ್ಲ. ಆದರೆ ಎರಡು ವಾರ ಮೊದಲು ಇದೇ ವಿಷಯದ ಒಂದು ಪುಟ್ಟ ಚೀಟಿಯನ್ನು ಅಂಟಿಸಲು ಒಪ್ಪಿಕೊಂಡಿದ್ದವರಲ್ಲಿ ಶೇ. 76ರಷ್ಟು ಮಂದಿ ದೊಡ್ಡ ಬೋರ್ಡಿಗೂ ಹೂಂ ಅಂದರು. ಊರನ್ನು ಅಂದವಾಗಿ ಇಡೋಣ ಎಂಬ, ಇದಕ್ಕೆ ಸಂಬಂಧವೇ ಇಲ್ಲದ ಮನವಿಗೆ ಸಹಿ ಹಾಕಿದ್ದವರಲ್ಲೂ ಹತ್ತಿರ ಹತ್ತಿರ ಅರ್ಧದಷ್ಟು ಜನ ಒಪ್ಪಿದರು. ಆಮೇಲೆ ಬೇರೆಯವರು ಮಾಡಿದ ಪ್ರಯೋಗಗಳಲ್ಲಿ ಪರಿಣಾಮ ಇಷ್ಟು ಜೋರಾಗಿ ಕಂಡಿಲ್ಲ, ಆದರೆ ದಿಕ್ಕು ಬಹುಮಟ್ಟಿಗೆ ಅದೇ.

ಯಾಕೆ ಹೀಗೆ? ಸಣ್ಣದಕ್ಕೆ ಹೂಂ ಅಂದ ಕ್ಷಣದಿಂದ ನಾವು ನಮ್ಮನ್ನೇ ಬೇರೆ ರೀತಿ ನೋಡಿಕೊಳ್ಳಲು ಶುರು ಮಾಡುತ್ತೇವೆ. ‘ನಾನು ಸಹಾಯ ಮಾಡುವವನು’ ಎಂಬ ಚಿತ್ರ ಮನಸ್ಸಿನಲ್ಲಿ ಕೂರುತ್ತದೆ. ಮುಂದಿನ ಬಾರಿ ಇಲ್ಲ ಅಂದರೆ ಕೇಳಿದವರಿಗೆ ಮಾತ್ರ ಇಲ್ಲ ಅಂದ ಹಾಗಲ್ಲ, ಆ ಚಿತ್ರಕ್ಕೂ ಇಲ್ಲ ಅಂದ ಹಾಗಾಗುತ್ತದೆ.

ಜಾಮೀನು ಸಹಿ ನಡೆಯುವುದು ಬಹಳ ಸಲ ಇದೇ ಕ್ರಮದಲ್ಲಿ. ಯಾರೂ ಬಂದ ಕೂಡಲೇ ‘ನಾನು ಸಾಲ ಕಟ್ಟದೇ ಹೋದರೆ ನೀನು ಕಟ್ಟುತ್ತೀಯಾ’ ಎಂದು ಕೇಳುವುದಿಲ್ಲ. ಮೊದಲು ‘ಒಂದು ಆಧಾರ್ ಜೆರಾಕ್ಸ್ ಕಳಿಸು’. ಆಮೇಲೆ ‘ಸ್ಯಾಲರಿ ಸ್ಲಿಪ್ ಇದ್ರೆ ಒಳ್ಳೇದು ಅಂತೆ’. ಆಮೇಲೆ ‘ಶನಿವಾರ ಸುಮ್ನೆ ಬ್ಯಾಂಕಿಗೆ ಬಂದು ಹೋಗು, ಹತ್ತೇ ನಿಮಿಷ’. ಬ್ಯಾಂಕಿನ ಮೇಜಿನ ಮುಂದೆ ಕೂತು, ಅಧಿಕಾರಿ ಪೆನ್ನು ಕೊಟ್ಟ ಮೇಲೆ ಎದ್ದು ಬರುವವರು ಎಷ್ಟು ಜನ? ಮತ್ತು ಎಲ್ಲರೂ ಹೇಳುವ ಆ ಮಾತು, ‘ಅದು ಬರೀ ಫಾರ್ಮಾಲಿಟಿ ಕಣೋ’, ಅದು ನಿಜವಲ್ಲ. ಭಾರತೀಯ ಕರಾರು ಕಾಯ್ದೆ 1872ರ 128ನೇ ಸೆಕ್ಷನ್ ಪ್ರಕಾರ, ಪತ್ರದಲ್ಲಿ ಬೇರೆ ರೀತಿ ಬರೆಯದೇ ಇದ್ದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆಯೂ ಅಷ್ಟೇ. ಸಾಲ ತಗೊಂಡವನ ಬೆನ್ನು ಬಿದ್ದು ಸೋತ ಮೇಲೇ ಬ್ಯಾಂಕು ನಿಮ್ಮ ಹತ್ತಿರ ಬರಬೇಕು ಎಂದೇನೂ ಇಲ್ಲ, ನೇರವಾಗಿ ಬರಬಹುದು. ಆ ಸಾಲ ನಿಮ್ಮ ಸಿಬಿಲ್ ವರದಿಯಲ್ಲೂ ಕಾಣಿಸುತ್ತದೆ. ಹಾಗಾಗಿ ಜಾಮೀನು ಕೇಳಿದಾಗ ಹಾಕಿಕೊಳ್ಳಬೇಕಾದ ಪ್ರಶ್ನೆ ‘ಇವನು ನಂಬಿಗಸ್ತನಾ’ ಎಂಬುದಲ್ಲ. ‘ಈ ಪೂರ್ತಿ ಹಣವನ್ನು ನಾಳೆ ನಾನೇ ಕಟ್ಟಬೇಕಾಗಿ ಬಂದರೆ ಕಟ್ಟಬಲ್ಲೆನಾ’ ಎಂಬುದು.

ಇದಕ್ಕೆ ಹತ್ತಿರದ್ದು, ಆದರೆ ಇನ್ನೂ ಕ್ರೂರವಾದದ್ದು, ಒಪ್ಪಿದ ಮೇಲೆ ಷರತ್ತು ಬದಲಾಯಿಸುವುದು. ಮನೋವಿಜ್ಞಾನಿ ರಾಬರ್ಟ್ ಚಾಲ್ಡಿನಿ ಮತ್ತು ಸಂಗಡಿಗರು 1978ರಲ್ಲಿ ವಿದ್ಯಾರ್ಥಿಗಳನ್ನು ಒಂದು ಪ್ರಯೋಗಕ್ಕೆ ಬರಲು ಕೇಳಿದರು. ಬೆಳಿಗ್ಗೆ 7 ಗಂಟೆಗೆ ಬರಬೇಕು ಎಂದು ಮೊದಲೇ ಹೇಳಿದಾಗ ಶೇ. 31ರಷ್ಟು ಮಂದಿ ಒಪ್ಪಿದರು. ಮೊದಲು ಒಪ್ಪಿಸಿ, ಆಮೇಲೆ ಹೊತ್ತು ತಿಳಿಸಿ, ಬೇಕಾದರೆ ಈಗಲೂ ಬಿಡಬಹುದು ಎಂದಾಗ ಶೇ. 56. ಹಾಗೆ ಒಪ್ಪಿದವರಲ್ಲಿ ಹೆಚ್ಚುಕಡಿಮೆ ಎಲ್ಲರೂ ಬೆಳಿಗ್ಗೆ ಹೇಳಿದ ಹೊತ್ತಿಗೆ ಬಂದರು ಕೂಡ. ಅಂದರೆ ಒಪ್ಪಿಗೆ ಕೊಟ್ಟಾಗ ಇದ್ದ ಕಾರಣ ಹೋದರೂ ಒಪ್ಪಿಗೆ ಮಾತ್ರ ತನ್ನ ಕಾಲ ಮೇಲೆ ನಿಂತಿರುತ್ತದೆ.

ನಮ್ಮಲ್ಲಿ ಇದು ಅತಿ ಹೆಚ್ಚು ಕಾಣಿಸುವುದು ಮದುವೆ ಮಾತುಕತೆಯಲ್ಲಿ. ‘ನಮಗೆ ಏನೂ ಬೇಡ, ಹುಡುಗಿ ಬಂದ್ರೆ ಸಾಕು’ ಎಂದು ಶುರುವಾಗುತ್ತದೆ. ಹೆಣ್ಣಿನ ಮನೆಯವರಿಗೆ ಕಣ್ಣು ತುಂಬಿ ಬರುತ್ತದೆ, ಇಂಥ ಸಂಬಂಧ ಎಲ್ಲಿ ಸಿಗುತ್ತದೆ ಅನ್ನಿಸುತ್ತದೆ. ನಿಶ್ಚಿತಾರ್ಥ ಆಗುತ್ತದೆ. ಛತ್ರಕ್ಕೆ ಅಡ್ವಾನ್ಸ್ ಹೋಗುತ್ತದೆ, ಲಗ್ನಪತ್ರಿಕೆ ಅಚ್ಚಾಗಿ ಅರ್ಧ ಊರಿಗೆ ಹಂಚಿಯೂ ಆಗಿರುತ್ತದೆ. ಆಗ ಯಾರೋ ಒಬ್ಬ ನೆಂಟರ ಬಾಯಲ್ಲಿ ಮೆಲ್ಲಗೆ ಮಾತು ಬರುತ್ತದೆ: ‘ಹುಡುಗನಿಗೆ ಓಡಾಡೋಕೆ ಒಂದು ಕಾರು ಅಂತ... ನಾವು ಕೇಳ್ತಿಲ್ಲ, ಜನ ಏನಂತಾರೆ ಅಂತ ಅಷ್ಟೇ.’ ಈ ಮಾತು ಮೊದಲ ದಿನವೇ ಬಂದಿದ್ದರೆ ಅಪ್ಪ ಎದ್ದು ನಮಸ್ಕಾರ ಹೇಳುತ್ತಿದ್ದರು. ಈಗ ಹೇಳಲಾರರು. 1961ರ ವರದಕ್ಷಿಣೆ ನಿಷೇಧ ಕಾಯ್ದೆಯ 4ನೇ ಸೆಕ್ಷನ್ನಿನಲ್ಲಿ ನೇರವಾಗಿಯಾಗಲಿ, ಬಳಸಿಯಾಗಲಿ ವರದಕ್ಷಿಣೆ ಕೇಳುವುದೇ ಅಪರಾಧ. ಕೊಟ್ಟು ತೆಗೆದುಕೊಂಡ ಮೇಲೇ ಅಪರಾಧ ಎಂದೇನಿಲ್ಲ. ಆದರೂ ಲಗ್ನಪತ್ರಿಕೆ ಹಂಚಿದ ಮೇಲೆ ಕಾನೂನು ನೆನಪಿಗೆ ಬರುವ ಮನೆಗಳು ಕಡಿಮೆ. ಮದುವೆ ಮುರಿದರೆ ಮಗಳ ಹೆಸರು ಕೆಡುತ್ತದೆ ಎಂಬ ಭಯ ಆಗ ಕಾನೂನಿಗಿಂತ ಹತ್ತಿರ ನಿಂತಿರುತ್ತದೆ. ಷರತ್ತು ಬದಲಾದರೆ ಹಳೆಯ ಒಪ್ಪಿಗೆ ಅಲ್ಲಿಗೇ ಮುಗಿಯಿತು, ಈಗ ಕೇಳುತ್ತಿರುವುದು ಹೊಸ ಪ್ರಶ್ನೆ ಎಂದು ಮನೆಯಲ್ಲಿ ಒಬ್ಬರಾದರೂ ಗಟ್ಟಿಯಾಗಿ ಹೇಳಬೇಕು. ಆ ಒಬ್ಬರು ಬಹಳ ಸಲ ಮದುವೆ ಹೆಣ್ಣೇ ಆಗಿರುತ್ತಾಳೆ. ಅವಳ ಬಾಯಿ ಮುಚ್ಚಿಸದೇ ಇರುವುದು ಹಿರಿಯರ ಕೆಲಸ.

ದೊಡ್ಡದು ಕೇಳಿ ಸಣ್ಣದಕ್ಕೆ ಇಳಿಯುವ ತಂತ್ರವೂ ಇದೆ. ಇದೇ ಚಾಲ್ಡಿನಿ 1975ರಲ್ಲಿ ಪರೀಕ್ಷೆ ಮಾಡಿದ್ದು. ದಾರಿ ತಪ್ಪಿದ ಮಕ್ಕಳನ್ನು ಒಂದು ದಿನ ಎರಡು ಗಂಟೆ ಮೃಗಾಲಯಕ್ಕೆ ಕರೆದುಕೊಂಡು ಹೋಗುತ್ತೀರಾ ಎಂದು ಕೇಳಿದರೆ ಶೇ. 17ರಷ್ಟು ಜನ ಒಪ್ಪಿದರು. ಮೊದಲು ‘ಎರಡು ವರ್ಷ, ವಾರಕ್ಕೆ ಎರಡು ಗಂಟೆ’ ಎಂದು ಕೇಳಿ, ಇಲ್ಲ ಅನ್ನಿಸಿಕೊಂಡು, ಆಮೇಲೆ ಮೃಗಾಲಯದ ಮಾತು ತೆಗೆದಾಗ ಶೇ. 50. ಐದು ಲಕ್ಷ ಕೇಳಿ, ನಿಮ್ಮ ಮುಖ ಬಾಡಿದ್ದು ನೋಡಿ, ‘ಹೋಗ್ಲಿ ಬಿಡು, ಐವತ್ತು ಸಾವಿರ ಆದ್ರೂ ನೋಡು’ ಎನ್ನುವ ಸ್ನೇಹಿತ ಮಾಡುತ್ತಿರುವುದು ಇದನ್ನೇ. ಬೇಕೆಂದೇ ಮಾಡುತ್ತಿದ್ದಾನೆ ಎಂದಲ್ಲ. ಆದರೆ ಅವನು ಇಳಿದಿದ್ದಾನೆ, ಈಗ ನಾನೂ ಸ್ವಲ್ಪ ಇಳಿಯಬೇಕು ಎಂದು ನಿಮ್ಮ ಮನಸ್ಸು ಲೆಕ್ಕ ಹಾಕುತ್ತದೆ. ಐದು ಲಕ್ಷದ ಮಾತೇ ಬಂದಿರಲಿಲ್ಲ ಎಂದುಕೊಂಡು ಐವತ್ತು ಸಾವಿರ ಒಂದನ್ನೇ ನೋಡಿ. ಅಷ್ಟು ಸಾಕು.

ಉಪಕಾರದ ವಿಷಯ ಇದಕ್ಕಿಂತ ಆಳವಾದದ್ದು. ಡೆನಿಸ್ ರೀಗನ್ 1971ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಜೊತೆಗಿದ್ದವನು ಕೇಳದೇ ತಂದುಕೊಟ್ಟ ಒಂದು ಕೋಕಾ ಕೋಲಾ ಕುಡಿದವರು, ಆಮೇಲೆ ಅವನ ಹತ್ತಿರ ಲಾಟರಿ ಟಿಕೆಟ್‌ಗಳನ್ನು ಕುಡಿಯದವರಿಗಿಂತ ಸುಮಾರು ಎರಡರಷ್ಟು ಕೊಂಡರು. ತಂಪು ಪಾನೀಯದ ಬೆಲೆಗಿಂತ ಟಿಕೆಟ್ಟಿನ ಬೆಲೆ ಜಾಸ್ತಿ. ಕೇಳದೇ ಬಂದ ಉಪಕಾರಕ್ಕೂ ನಾವು ಸಾಲಗಾರರೇ ಆಗುತ್ತೇವೆ, ಮತ್ತು ತೀರಿಸುವಾಗ ಪಡೆದದ್ದಕ್ಕಿಂತ ಜಾಸ್ತಿಯೇ ಕೊಡುತ್ತೇವೆ.

ಋಣ ಇಟ್ಟುಕೊಳ್ಳಬಾರದು ಎಂಬ ನಮ್ಮ ಹಿರಿಯರ ಬುದ್ಧಿ ನನಗೆ ಬಹಳ ದೊಡ್ಡದು. ಮದುವೆ ಮನೆಯಲ್ಲಿ ಮುಯ್ಯಿ ಬರೆದುಕೊಳ್ಳುವ ಪುಸ್ತಕವನ್ನೇ ನೋಡಿ. ಯಾರು ಎಷ್ಟು ಕೊಟ್ಟರು ಎಂದು ಹೆಸರು ಸಮೇತ ಬರೆಯುತ್ತಾರೆ, ಅವರ ಮನೆ ಮದುವೆಗೆ ಅಷ್ಟು ಅಥವಾ ಸ್ವಲ್ಪ ಸೇರಿಸಿ ಕೊಡುತ್ತಾರೆ. ಇದನ್ನು ವ್ಯಾಪಾರ ಎಂದು ಹೀಗಳೆಯುವವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಅಲ್ಲಿ ಲೆಕ್ಕ ಎಲ್ಲರಿಗೂ ಕಾಣುತ್ತದೆ, ತೀರಿಸುವ ದಾರಿಯೂ ಇದೆ. ತೊಂದರೆ ಇರುವುದು ಲೆಕ್ಕವೇ ಕಾಣದ ಉಪಕಾರದಲ್ಲಿ. ‘ನಿನ್ನ ಓದಿಸಿದ್ದು ನಾನು’ ಎಂದು ಇಪ್ಪತ್ತು ವರ್ಷ ಆದ ಮೇಲೂ ದೊಡ್ಡಪ್ಪ ಹೇಳುತ್ತಿದ್ದರೆ, ಎಷ್ಟು ಮಾಡಿದರೆ ಆ ಋಣ ತೀರಿತು? ಯಾರಿಗೂ ಗೊತ್ತಿಲ್ಲ. ತೀರದೇ ಇರುವುದೇ ಅದರ ಉಪಯೋಗ. ಅಂಥ ಉಪಕಾರಕ್ಕೆ ಕೃತಜ್ಞತೆಯನ್ನು ಬೇರೆ ಇಡಿ, ಇವತ್ತಿನ ಕೋರಿಕೆಯನ್ನು ಬೇರೆ ಇಡಿ. ‘ನೀವು ಓದಿಸಿದ್ದನ್ನು ನಾನು ಮರೆಯೋದಿಲ್ಲ ದೊಡ್ಡಪ್ಪ. ಆದ್ರೆ ಈ ಸೈಟಿನ ವಿಷಯ ಬೇರೆ, ಅದನ್ನ ಬೇರೆಯಾಗೇ ಮಾತಾಡೋಣ.’ ಈ ಮಾತನ್ನು ಅವರ ಕಾಲಿಗೆ ನಮಸ್ಕಾರ ಮಾಡಿಯೂ ಹೇಳಬಹುದು.

ಈಗ ಇವೆಲ್ಲವೂ ಒಟ್ಟಿಗೆ ಬಂದು ಕೂರುವ ಜಾಗಕ್ಕೆ ಬರುತ್ತೇನೆ. ತವರಿನ ಆಸ್ತಿಯಲ್ಲಿ ಹೆಣ್ಣುಮಕ್ಕಳಿಂದ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿಸಿಕೊಳ್ಳುವುದು.

ಕಾನೂನು ಸ್ಪಷ್ಟವಾಗಿದೆ. ಕರ್ನಾಟಕದಲ್ಲಿ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ಮಾಡಿದ ತಿದ್ದುಪಡಿ 1994ರಲ್ಲೇ ಜಾರಿಗೆ ಬಂತು, ಆಗ ಮದುವೆಯಾಗಿಲ್ಲದ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತ ಆಸ್ತಿಯಲ್ಲಿ ಗಂಡುಮಕ್ಕಳ ಸಮ ಪಾಲು ಸಿಕ್ಕಿತು. 2005ರ ಸೆಪ್ಟೆಂಬರ್ 9ರಿಂದ ದೇಶದಲ್ಲೆಲ್ಲ, ಮದುವೆಯಾಗಿರಲಿ ಬಿಡಲಿ, ಹುಟ್ಟಿನಿಂದಲೇ ಸಮಾನ ಹಕ್ಕು. 2005ರಲ್ಲಿ ಅಪ್ಪ ಬದುಕಿರಲೇಬೇಕು ಎಂದೇನಿಲ್ಲ ಎಂದು 2020ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ವಿನೀತಾ ಶರ್ಮಾ ಪ್ರಕರಣದಲ್ಲಿ ಹೇಳಿತು. ಕಾನೂನು ಇಷ್ಟು ದೂರ ಬಂದ ಮೇಲೂ ಪಾಲು ಕೈಗೆ ಬಾರದ ಹೆಣ್ಣುಮಕ್ಕಳು ನಮ್ಮ ಸುತ್ತ ಎಷ್ಟು ಜನ! ಅವರಲ್ಲಿ ಬಹಳ ಮಂದಿ ಕೋರ್ಟಿನಲ್ಲಿ ಸೋತವರಲ್ಲ. ತಾವೇ ಸಹಿ ಹಾಕಿ ಕೊಟ್ಟವರು.

ಆ ಸಹಿ ಬರುವ ದಾರಿ ನೋಡಿ. ಅಪ್ಪ ತೀರಿಕೊಂಡಿರುತ್ತಾರೆ, ವೈಕುಂಠ ಸಮಾರಾಧನೆಯೂ ಮುಗಿದಿರುವುದಿಲ್ಲ, ಮನೆ ತುಂಬ ನೆಂಟರು. ‘ಪೌತಿ ಖಾತೆ ಮಾಡಿಸಬೇಕು, ವಂಶವೃಕ್ಷಕ್ಕೆ ನಿಮ್ಮೆಲ್ಲರ ಆಧಾರ್ ಬೇಕು’ ಎಂದು ಅಣ್ಣ ಕೇಳುತ್ತಾನೆ. ಇದು ನಿಜವಾಗಿಯೂ ಬೇಕಾದ ಕೆಲಸ, ಕೊಡುತ್ತಾರೆ. ಸ್ವಲ್ಪ ದಿನದ ಮೇಲೆ ‘ಒಂದು ಸೈನ್ ಇದೆ, ಗಾಡಿ ಕಳಿಸ್ತೀನಿ ಬಾ’. ಸಬ್ ರಿಜಿಸ್ಟ್ರಾರ್ ಕಚೇರಿ ಮುಂದೆ ಅಣ್ಣ, ಅತ್ತಿಗೆ, ಸೋದರಮಾವ, ಊರಿನ ಒಬ್ಬ ಹಿರಿಯರು ಎಲ್ಲರೂ ನಿಂತಿರುತ್ತಾರೆ. ಪತ್ರ ಆಗಲೇ ಟೈಪ್ ಆಗಿದೆ, ಓದಲು ಹೊತ್ತಿಲ್ಲ. ‘ಅಕ್ಕ ಆಗ್ಲೇ ಹಾಕಿದ್ಲು’ ಎನ್ನುತ್ತಾರೆ. ಅಕ್ಕನಿಗೆ ‘ತಂಗಿ ಒಪ್ಪಿದ್ದಾಳೆ’ ಎಂದು ಹೇಳಿರುತ್ತಾರೆ. ಅರಿಶಿನ ಕುಂಕುಮಕ್ಕೆ ಅಂತ ಸ್ವಲ್ಪ ದುಡ್ಡು, ಒಂದು ಸೀರೆ ಸಿದ್ಧವಾಗಿರುತ್ತದೆ. ಇಷ್ಟಾದರೂ ಅವಳು ತಡೆದರೆ ಕೊನೆಯ ಮಾತು ಬರುತ್ತದೆ: ‘ನಿಂಗೆ ತವರು ಬೇಕಾ, ಆಸ್ತಿ ಬೇಕಾ?’

ಎರಡನ್ನೂ ಬೇಕು ಅನ್ನಲು ಅಲ್ಲಿ ಜಾಗವೇ ಇಲ್ಲ. ಆ ಪ್ರಶ್ನೆಯನ್ನು ಕಟ್ಟಿರುವುದೇ ಹಾಗೆ. ಅಣ್ಣನನ್ನು ಯಾರೂ ಹೀಗೆ ಕೇಳುವುದಿಲ್ಲ, ಅವನಿಗೆ ತಂಗಿಯೂ ಇರಬಹುದು, ಆಸ್ತಿಯೂ ಇರಬಹುದು. ಗೌರಿ ಹಬ್ಬಕ್ಕೆ ಬಾಗಿನ ಬರುವುದು ನಿಲ್ಲುತ್ತದೆ, ಮಗಳ ಮದುವೆಗೆ ಸೋದರಮಾವ ಬರುವುದಿಲ್ಲ, ಗಂಡನ ಮನೆಯಲ್ಲಿ ‘ತವರಿಲ್ಲದವಳು’ ಎನ್ನಿಸಿಕೊಳ್ಳಬೇಕು ಎಂಬ ಭಯ ಒಂದು ಸಹಿಯ ಹಿಂದೆ ಕೂತಿರುತ್ತದೆ. ಮೊದಲು ಸಣ್ಣದು ಕೇಳುವುದು, ಮುಖದಾಕ್ಷಿಣ್ಯ, ಎಲ್ಲರೂ ಮಾಡಿದ್ದಾರೆ ಎಂಬ ಮಾತು, ಕೇಳದೇ ಬಂದ ಉಡುಗೊರೆ, ಇವತ್ತೇ ಆಗಬೇಕು ಎಂಬ ಅವಸರ, ಕೊನೆಗೆ ಹೊರಗಿಡುವ ಬೆದರಿಕೆ, ಪುಸ್ತಕದಲ್ಲಿರುವುದೆಲ್ಲ ಒಂದೇ ಬೆಳಿಗ್ಗೆಯಲ್ಲಿ ನಡೆದುಹೋಗುತ್ತದೆ.

ತಿಳಿದು, ಯೋಚಿಸಿ, ಅಣ್ಣನಿಗೇ ಇರಲಿ ಎಂದು ಬಿಟ್ಟುಕೊಡುವ ಹೆಣ್ಣುಮಕ್ಕಳೂ ಇದ್ದಾರೆ. ಅಮ್ಮನನ್ನು ಕೊನೆವರೆಗೆ ನೋಡಿಕೊಂಡವನು ಅವನೇ ಎಂಬ ನ್ಯಾಯವೂ ಅಲ್ಲಿರಬಹುದು. ಅದು ಅವರ ಹಕ್ಕು, ಅದರಲ್ಲಿ ಬೇರೆಯವರು ಮೂಗು ತೂರಿಸುವುದು ಬೇಡ. ಕೊಡುವವಳಿಗೆ ಪತ್ರದಲ್ಲಿ ಏನಿದೆ, ತನ್ನ ಪಾಲು ಎಷ್ಟು, ಬೆಲೆ ಎಷ್ಟು ಎಂದು ಗೊತ್ತಿತ್ತಾ, ಇಲ್ಲ ಎಂದಿದ್ದರೂ ಹಬ್ಬಕ್ಕೆ ಕರೆಯುತ್ತಿದ್ದರಾ, ಇಷ್ಟನ್ನೇ ನಾನು ಕೇಳುವುದು.

ಕಾನೂನಿಗೂ ಈ ಒತ್ತಡ ಗೊತ್ತು. ಕರಾರು ಕಾಯ್ದೆಯ 16ನೇ ಸೆಕ್ಷನ್ ಅನುಚಿತ ಪ್ರಭಾವದ ಬಗ್ಗೆ ಹೇಳುತ್ತದೆ. ಒಬ್ಬರ ಇಷ್ಟವನ್ನು ಇನ್ನೊಬ್ಬರು ಆಳುವಂಥ ಸಂಬಂಧ ಇದ್ದು, ಅದನ್ನು ಬಳಸಿ ಅನ್ಯಾಯದ ಲಾಭ ಮಾಡಿಕೊಂಡರೆ ಆ ಒಪ್ಪಂದವನ್ನು ರದ್ದು ಮಾಡಿಸಬಹುದು. ವಯಸ್ಸು, ಕಾಯಿಲೆ, ಮನಸ್ಸಿನ ಅಥವಾ ದೇಹದ ಸಂಕಟದಿಂದ ಬುದ್ಧಿ ಕುಗ್ಗಿದವರ ವಿಷಯವನ್ನೂ ಅದು ಬಿಡಿಸಿ ಹೇಳಿದೆ. ಆದರೆ ಕೋರ್ಟಿನಲ್ಲಿ ಇದನ್ನು ತೋರಿಸಿಕೊಡುವುದು ಸುಲಭವಲ್ಲ, ಪತ್ರ ರದ್ದು ಮಾಡಿಸಲು ವಿಷಯ ತಿಳಿದ ದಿನದಿಂದ 3 ವರ್ಷದೊಳಗೆ ದಾವೆ ಹಾಕಬೇಕು, ಮತ್ತು ಅಣ್ಣನ ಮೇಲೆ ಕೇಸು ಹಾಕುವುದಕ್ಕಿಂತ ಸಹಿ ಹಾಕದೇ ಒಂದು ವಾರ ತಡೆಯುವುದು ನೂರು ಪಾಲು ಸುಲಭ. ಪತ್ರದ ಒಂದು ಪ್ರತಿಯನ್ನು ಮನೆಗೆ ತೆಗೆದುಕೊಂಡು ಹೋಗಿ, ಆ ಕುಟುಂಬಕ್ಕೆ ಸಂಬಂಧವಿಲ್ಲದ ವಕೀಲರಿಗೆ ತೋರಿಸಿ. ಪ್ರತಿ ಕೊಡಲು ಹಿಂದೆಮುಂದೆ ನೋಡಿದರೆ, ಯೋಚಿಸಲು ನಿಮಗೆ ಬೇಕಾಗಿದ್ದ ಉತ್ತರ ಅದರಲ್ಲೇ ಸಿಕ್ಕಿತು.

ವಯಸ್ಸಾದ ಅಪ್ಪ ಅಮ್ಮಂದಿರಿಗೆ ಇದೇ ಮಾತು ಉಲ್ಟಾ ದಿಕ್ಕಿನಿಂದ ಬರುತ್ತದೆ. ‘ಈಗಲೇ ನನ್ನ ಹೆಸರಿಗೆ ಮಾಡಿಬಿಡಿ, ನಾನೇ ತಾನೇ ನೋಡ್ಕೊಳ್ಳೋದು.’ 2007ರ ಹಿರಿಯ ನಾಗರಿಕರ ಕಾಯ್ದೆಯ 23ನೇ ಸೆಕ್ಷನ್ ಪ್ರಕಾರ, ನೋಡಿಕೊಳ್ಳಬೇಕು ಎಂಬ ಷರತ್ತಿನ ಮೇಲೆ ಕೊಟ್ಟ ಆಸ್ತಿಯನ್ನು, ಮಕ್ಕಳು ನೋಡಿಕೊಳ್ಳದೇ ಹೋದರೆ, ವಾಪಸ್ ಪಡೆಯುವ ದಾರಿ ಇದೆ. ಆ ಷರತ್ತನ್ನು ದಾನಪತ್ರದಲ್ಲೇ ಬರೆಸಿ. ಬರೆಸಿದರೆ ಮಗನಿಗೆ ಬೇಜಾರಾಗುತ್ತದೆ ಎಂದು ಹಿಂಜರಿಯಬೇಡಿ. ನೋಡಿಕೊಳ್ಳುವ ಮನಸ್ಸಿರುವವನಿಗೆ ಆ ಒಂದು ಸಾಲಿನಿಂದ ಏನೂ ನಷ್ಟವಿಲ್ಲ.

ಮಾತು ಬಿಡುವ ವಿಷಯಕ್ಕೆ ಬರೋಣ. ಬೈದರೆ ಗಾಯ ಕಾಣುತ್ತದೆ, ಮಾತು ಬಿಟ್ಟರೆ ಕಾಣುವುದಿಲ್ಲ. ‘ನಾನೇನು ಮಾಡಿದೆ? ಸುಮ್ನೆ ಇದೀನಿ ಅಷ್ಟೇ’ ಎನ್ನಬಹುದು. ಕಿಪ್ಲಿಂಗ್ ವಿಲಿಯಮ್ಸ್ ಎಂಬ ಮನೋವಿಜ್ಞಾನಿ ಹೊರಗಿಡುವುದರ ಬಗ್ಗೆಯೇ ವರ್ಷಗಟ್ಟಲೆ ಕೆಲಸ ಮಾಡಿದವರು. ಕಂಪ್ಯೂಟರಿನಲ್ಲಿ ಮೂವರು ಚೆಂಡು ಎಸೆದಾಡುವ ಒಂದು ಸರಳ ಆಟ ಮಾಡಿದರು. ಸ್ವಲ್ಪ ಹೊತ್ತಾದ ಮೇಲೆ ಉಳಿದ ಇಬ್ಬರು ನಿಮಗೆ ಚೆಂಡು ಕೊಡುವುದನ್ನೇ ನಿಲ್ಲಿಸುತ್ತಾರೆ. ಅಷ್ಟೇ. ಕೆಲವೇ ನಿಮಿಷದಲ್ಲಿ ಜನ ಕುಗ್ಗಿದರು, ನಾನು ಯಾರಿಗೂ ಬೇಡ ಎನ್ನುವ ಭಾವನೆ ಬಂತು. ಎದುರಿಗಿರುವುದು ಮನುಷ್ಯರಲ್ಲ, ಕಂಪ್ಯೂಟರೇ ಆಡುತ್ತಿದೆ ಎಂದು ಮೊದಲೇ ಹೇಳಿದ್ದರೂ ನೋವಾಯಿತು ಎಂದು 2004ರಲ್ಲಿ ಪ್ರಕಟವಾದ ಅಧ್ಯಯನ ತೋರಿಸಿತು. ಮುಖ ಗೊತ್ತಿಲ್ಲದ ಆಟದಲ್ಲೇ ಹೀಗಾದರೆ, ಒಂದೇ ಅಡುಗೆಮನೆಯಲ್ಲಿ ಓಡಾಡುವ ಗಂಡನೋ ಅತ್ತೆಯೋ ವಾರಗಟ್ಟಲೆ ನೀವು ಅಲ್ಲಿ ಇಲ್ಲವೇ ಇಲ್ಲ ಎನ್ನುವ ಹಾಗೆ ನಡೆದುಕೊಂಡರೆ ಹೇಗಿರಬೇಡ? ಕೊನೆಗೆ ತಪ್ಪು ಯಾರದ್ದೇ ಇರಲಿ, ಮಾತು ಶುರುವಾದರೆ ಸಾಕು ಎಂದು ನೀವೇ ಸೋಲುತ್ತೀರಿ.

ಕೋಪ ಬಂದಾಗ ಸ್ವಲ್ಪ ಹೊತ್ತು ಸುಮ್ಮನಿರುವುದು ಬೇರೆ, ಅದು ಒಳ್ಳೆಯದು. ವ್ಯತ್ಯಾಸ ಗುರುತಿಸಲು ಕಷ್ಟವಿಲ್ಲ. ‘ಈಗ ನಂಗೆ ಮಾತಾಡೋಕಾಗಲ್ಲ, ರಾತ್ರಿ ಊಟ ಆದ್ಮೇಲೆ ಮಾತಾಡೋಣ’ ಎಂದು ಹೇಳಿ ಹೋದರೆ ಅದು ಬಿಡುವು. ಏನೂ ಹೇಳದೇ, ನೀವು ಶರಣಾಗುವವರೆಗೆ ಎಳೆದರೆ ಅದು ಶಿಕ್ಷೆ.

ಅಪರಾಧಿ ಭಾವ ಹುಟ್ಟಿಸುವುದನ್ನು ಅಮ್ಮಂದಿರ ಜೊತೆ ಸೇರಿಸಿ ಮಾತಾಡುವುದು ರೂಢಿ. ‘ನಾನು ಸತ್ ಮೇಲೆ ಗೊತ್ತಾಗತ್ತೆ ನಿಂಗೆ’, ‘ನಿಮಗೆಲ್ಲ ಕೆಲಸ ಇರತ್ತೆ ಬಿಡಪ್ಪ, ನಾವು ಹೇಗೋ ಇರ್ತೀವಿ’. ಬೆಂಗಳೂರಿನಲ್ಲೋ ಅಮೆರಿಕದಲ್ಲೋ ಇರುವ ಮಗನಿಗೆ ಈ ಮಾತು ಫೋನ್ ಇಟ್ಟ ಮೇಲೂ ಕೇಳುತ್ತಿರುತ್ತದೆ. ರಾಯ್ ಬಾಮೈಸ್ಟರ್ ಮತ್ತು ಸಂಗಡಿಗರು 1994ರಲ್ಲಿ ಬರೆದ ಒಂದು ಪ್ರಬಂಧದಲ್ಲಿ ಒಳ್ಳೆಯ ಮಾತೊಂದಿದೆ. ಅಪರಾಧಿ ಭಾವ ಹೆಚ್ಚಾಗಿ ಹತ್ತಿರದ ಸಂಬಂಧದಲ್ಲೇ ಹುಟ್ಟುತ್ತದೆ, ಮತ್ತು ಕೈಯಲ್ಲಿ ಅಧಿಕಾರ ಇಲ್ಲದವರೂ ಅಧಿಕಾರ ಇರುವವರನ್ನು ಅದರಿಂದ ಕದಲಿಸಬಹುದು ಎನ್ನುತ್ತಾರೆ. ಇದನ್ನು ಓದಿದಾಗ ನನಗೆ ನೆನಪಾಗಿದ್ದು ಮನೆಯಲ್ಲಿ ನೇರವಾಗಿ ಕೇಳುವ ಅವಕಾಶವೇ ಇಲ್ಲದೇ ಬದುಕಿದ ಹೆಂಗಸರು. ಸೊಸೆಯಾಗಿ ಬಂದಾಗಿನಿಂದ ‘ನಂಗೆ ಇದು ಬೇಕು’ ಎಂದು ಒಂದು ಸಲವೂ ಬಾಯಿಬಿಟ್ಟು ಹೇಳಲು ಬಿಡದೇ ಇದ್ದರೆ, ಅವರು ಸುತ್ತು ಬಳಸಿ ಕೇಳುವುದನ್ನೇ ಕಲಿಯುತ್ತಾರೆ. ಅವರನ್ನು ಕುತಂತ್ರಿ ಎಂದು ಕರೆಯಲು ನನಗೆ ಮನಸ್ಸು ಬರುವುದಿಲ್ಲ. ಅಂಥ ಅಮ್ಮನಿಗೆ ಉತ್ತರ ಕೊಡುವ ದಾರಿ ಎಂದರೆ ಮಾತಿನ ಹಿಂದಿರುವ ಕೋರಿಕೆಯನ್ನು ನಾವೇ ಹೊರಗೆ ತೆಗೆಯುವುದು. ‘ಅಮ್ಮ, ನಾನು ದೀಪಾವಳಿಗೆ ಬರ್ಬೇಕು ಅಂತ ನಿಂಗೆ ಆಸೆ ಇದೆ ಅಲ್ವಾ? ಹಾಗೇ ಕೇಳು. ಬರೋಕಾದ್ರೆ ಬರ್ತೀನಿ, ಆಗಲ್ಲ ಅಂದ್ರೆ ಯಾವಾಗ ಬರ್ತೀನಿ ಅಂತ ಹೇಳ್ತೀನಿ.’ ನೇರವಾಗಿ ಕೇಳಿದರೆ ಸಿಗುತ್ತದೆ ಎಂದು ಗೊತ್ತಾದ ಮೇಲೆ ಸುತ್ತು ಮಾತು ನಿಧಾನಕ್ಕೆ ಕಡಿಮೆಯಾಗುತ್ತದೆ.

ಇಲ್ಲಿಯವರೆಗೆ ಒತ್ತಡಕ್ಕೆ ಸಿಕ್ಕವರ ಕಡೆಯಿಂದ ನೋಡಿದೆವು. ಕೇಳುವವರು ನಾವೂ ಆಗಿರುತ್ತೇವೆ. 2008ರಲ್ಲಿ ಫ್ರಾಂಕ್ ಫ್ಲಿನ್ ಮತ್ತು ವನೆಸಾ ಲೇಕ್ (ಈಗ ವನೆಸಾ ಬೋನ್ಸ್) ಒಂದು ವಿಷಯ ಕಂಡುಕೊಂಡರು. ಐದು ಜನ ಅಪರಿಚಿತರಿಂದ ಪ್ರಶ್ನಾವಳಿ ತುಂಬಿಸಲು ಎಷ್ಟು ಜನರನ್ನು ಕೇಳಬೇಕಾಗಬಹುದು ಎಂದರೆ, ಭಾಗವಹಿಸಿದವರು ಸರಾಸರಿ ಇಪ್ಪತ್ತು ಎಂದು ಊಹಿಸಿದರು. ಹತ್ತರ ಆಸುಪಾಸಿಗೇ ಕೆಲಸ ಮುಗಿಯಿತು. ಕೇಳುವವರು ಕೆಲಸ ಎಷ್ಟು ದೊಡ್ಡದು ಎಂದು ಲೆಕ್ಕ ಹಾಕುತ್ತಾರೆ, ಆದರೆ ಮುಖ ನೋಡಿಕೊಂಡು ಇಲ್ಲ ಅನ್ನುವುದು ಎದುರಿನವರಿಗೆ ಎಷ್ಟು ಕಷ್ಟ ಎಂಬ ಲೆಕ್ಕ ಅವರ ತಲೆಗೆ ಬರುವುದಿಲ್ಲ. ಬೋನ್ಸ್ ಮತ್ತು ಮಹ್ದಿ ರೊಘಾನಿಜಾದ್ 2017ರಲ್ಲಿ ಇದೇ ರೀತಿ ಅಪರಿಚಿತರಿಗೆ ಇಮೇಲ್‌ನಲ್ಲಿ ಮತ್ತು ಎದುರಿಗೆ ನಿಂತು ಕೇಳಿಸಿ ನೋಡಿದಾಗ, ಎದುರಿಗೆ ಕೇಳಿದ್ದು 34 ಪಟ್ಟು ಹೆಚ್ಚು ಫಲ ಕೊಟ್ಟಿತು. ಮುಖದಾಕ್ಷಿಣ್ಯದ ತೂಕ ಅಷ್ಟಿದೆ.

ಹಾಗಾಗಿ ‘ಅವಳೇ ಖುಷಿಯಿಂದ ಒಪ್ಪಿದ್ಲು, ನಾನೇನು ಬಲವಂತ ಮಾಡ್ಲಿಲ್ಲ’ ಎನ್ನುವ ಅಣ್ಣ ಸುಳ್ಳು ಹೇಳುತ್ತಿಲ್ಲದೇ ಇರಬಹುದು. ಅವನಿಗೆ ನಿಜಕ್ಕೂ ಕಾಣಿಸಿರುವುದಿಲ್ಲ. ಇದರಿಂದ ಎರಡು ಕೆಲಸದ ವಿಷಯ ಸಿಗುತ್ತದೆ. ದೊಡ್ಡ ಕೋರಿಕೆ ಬಂದಾಗ ಎದುರಿಗೆ ಉತ್ತರ ಕೊಡಬೇಡಿ, ‘ಮನೇಲಿ ಮಾತಾಡಿ ಭಾನುವಾರ ಮೆಸೇಜ್ ಮಾಡ್ತೀನಿ’ ಎನ್ನಿ, ಮತ್ತು ಹೇಳಿದ ದಿನ ತಪ್ಪದೇ ಮಾಡಿ. ಉತ್ತರ ಇಲ್ಲ ಎಂದಾದರೆ ಕಾರಣಗಳ ಮಾಲೆ ಕಟ್ಟಬೇಡಿ. ಒಂದೊಂದು ಕಾರಣಕ್ಕೂ ಅವರ ಹತ್ತಿರ ಒಂದೊಂದು ಪರಿಹಾರ ಇರುತ್ತದೆ. ‘ಜಾಮೀನು ಹಾಕೋದಿಲ್ಲ ಅಂತ ನಾವಿಬ್ಬರೂ ತೀರ್ಮಾನ ಮಾಡಿದೀವಿ ಚಿಕ್ಕಪ್ಪ, ಬೇಜಾರ್ ಮಾಡ್ಕೋಬೇಡಿ’ ಇಷ್ಟು ಸಾಕು. ಅವರಿಗೆ ಬೇಜಾರಾಗುತ್ತದೆ. ಆಗಲಿ. ಸ್ವಲ್ಪ ದಿನದ ಬೇಜಾರನ್ನು ತಡೆದುಕೊಳ್ಳುವ ಸಂಬಂಧ, ಬ್ಯಾಂಕಿನವರು ಇಬ್ಬರ ಮನೆ ಬಾಗಿಲಿಗೂ ಬಂದ ಮೇಲೆ ಉಳಿಯುವ ಸಂಬಂಧಕ್ಕಿಂತ ಗಟ್ಟಿ.

ಒಂದು ಗೆರೆ ಮಾತ್ರ ಎಲ್ಲರಿಗೂ ಗೊತ್ತಿರಬೇಕು. ಫೋನ್ ಕಿತ್ತುಕೊಳ್ಳುವುದು, ಸಂಬಳ ಇಸಿದುಕೊಳ್ಳುವುದು, ತವರಿಗೆ ಹೋಗಲು ಬಿಡದೇ ಇರುವುದು, ಸಾಯುತ್ತೇನೆ ಸಾಯಿಸುತ್ತೇನೆ ಎಂದು ಹೆದರಿಸುವುದು, ಇವು ಒಪ್ಪಿಸುವ ತಂತ್ರಗಳಲ್ಲ, ದೌರ್ಜನ್ಯ. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಹೊಡೆತ ಮಾತ್ರವಲ್ಲ, ಮಾತಿನ, ಮನಸ್ಸಿನ ಮತ್ತು ಹಣದ ಹಿಂಸೆಯೂ ಸೇರಿದೆ. ಅಲ್ಲಿ ಜಾಣ ಉತ್ತರ ಹುಡುಕುತ್ತಾ ಕೂರುವುದು ಬೇಡ. ಮಹಿಳಾ ಸಹಾಯವಾಣಿ 181, ಹಿರಿಯರಿಗೆ 14567.

ಇನ್ನು ಕೇಳುವ ಸರದಿ ನಿಮ್ಮದಾದಾಗ. ‘ನೀನು ಬೇಡ ಅನ್ನಬಹುದು’ ಎಂದು ಸೇರಿಸಿ ಕೇಳಿದರೆ ಜನ ಒಪ್ಪುವುದು ಜಾಸ್ತಿ ಎಂದು 2000ದಲ್ಲಿ ಫ್ರಾನ್ಸಿನಿಂದ ಒಂದು ಅಧ್ಯಯನ ಬಂತು. ಅದನ್ನು ಮಾಡಿದವರಲ್ಲಿ ಒಬ್ಬರ ಬೇರೆ ಸಂಶೋಧನೆಗಳ ಮೇಲೆ ಆಮೇಲೆ ಗಂಭೀರ ಪ್ರಶ್ನೆಗಳು ಎದ್ದವು, ಹಾಗಾಗಿ ಅದರ ಸಂಖ್ಯೆಗಳನ್ನು ಇಲ್ಲಿ ಕೊಡುವುದಿಲ್ಲ. 2013ರಲ್ಲಿ ಕ್ರಿಸ್ಟೋಫರ್ ಕಾರ್ಪೆಂಟರ್ ಇಂಥ 42 ಅಧ್ಯಯನಗಳನ್ನು ಒಟ್ಟಿಗೆ ಇಟ್ಟು ನೋಡಿದಾಗಲೂ ಆ ಮಾತಿಗೆ ಬಲ ಇದೆ ಎಂದೇ ಕಂಡಿತು. ಆದರೆ ಆ ಮಾತನ್ನು ಇನ್ನೊಂದು ತಂತ್ರವಾಗಿ ಬಳಸಬೇಡಿ. ತಮ್ಮನ ಹತ್ತಿರ ಜಾಮೀನು ಕೇಳುವುದಾದರೆ ಎಷ್ಟು ಸಾಲ, ಎಷ್ಟು ವರ್ಷ, ತಿಂಗಳ ಕಂತು ಎಷ್ಟು, ನಾನು ಕಟ್ಟದೇ ಹೋದರೆ ನಿನ್ನ ಮೇಲೆ ಏನು ಬರುತ್ತದೆ ಎಂಬುದನ್ನು ಒಂದು ಹಾಳೆಯಲ್ಲಿ ಬರೆದುಕೊಡಿ. ಅವನ ಹೆಂಡತಿಯ ಎದುರಿಗೇ ಕೊಡಿ. ಒಂದು ವಾರ ಬಿಟ್ಟು ಹೇಳು ಎನ್ನಿ, ಆ ವಾರದಲ್ಲಿ ನೆನಪಿಸಲು ಫೋನ್ ಮಾಡಬೇಡಿ. ಅವನು ಇಲ್ಲ ಎಂದರೆ ಮುಂದಿನ ಹಬ್ಬಕ್ಕೆ ಅವನ ಮನೆಗೆ ಮೊದಲು ಕರೆ ಹೋಗಬೇಕಾದದ್ದು ನಿಮ್ಮಿಂದ.